ರಿಜೆಕ್ಟ್ ಜ್ಯೋತಿಯ ರೆಸ್ಯೂಮ್

ಹೊಸಕೋಟೆ ಸಂತೆಯಲ್ಲಿ ಜ್ಯೋತಿಲಕ್ಷ್ಮಿ ದೂರದಿಂದ ಕಂಡರೆ ಸಾಕು, ಟೊಮೇಟೊ ಮಾರುವವರಿಗೆ ಆ ದಿನದ ವ್ಯಾಪಾರವೇ ಬೇಡ ಅನ್ನಿಸುತ್ತಿತ್ತು. ಅವಳು ಬುಟ್ಟಿಯ ಮುಂದೆ ಕುಕ್ಕರುಗಾಲಲ್ಲಿ ಕೂರುವಳು, ಒಂದೊಂದು ಹಣ್ಣನ್ನೂ ತಿರುಗಿಸುವಳು, ಹೆಬ್ಬೆರಳ ಉಗುರಿನಿಂದ ತೊಟ್ಟಿನ ಬುಡ ಮುಟ್ಟುವಳು, ಹತ್ತರಲ್ಲಿ ನಾಲ್ಕನ್ನು ಪಕ್ಕಕ್ಕಿಡುವಳು. ಸುಮ್ಮನೆ ಇಟ್ಟಿದ್ದರೆ ಯಾರೂ ಬೇಸರ ಮಾಡಿಕೊಳ್ಳುತ್ತಿರಲಿಲ್ಲ. ಇಡುವಾಗ ಕಾರಣ ಹೇಳುವಳು. ಇದಕ್ಕೆ ಹುಳ ಬಿದ್ದದೆ, ಇದು ಒತ್ತಿ ಒಡೆದದ್ದು, ಇದು ಮೊನ್ನೆ ಕಿತ್ತದ್ದು. ಅದೂ ನಾಲ್ಕು ಜನಕ್ಕೆ ಕೇಳುವ ಹಾಗೆ. ಮನೆಗೆ ಬಂದ ಸೊಪ್ಪು, ಹಾಲು, ನಾದಿನಿಗೆ ನೋಡಿದ ಗಂಡು, ಯಾವುದೂ ಈ ತಪಾಸಣೆಯಿಂದ ತಪ್ಪಿಸಿಕೊಂಡದ್ದಿಲ್ಲ. ಊರಿನವರು ಅವಳಿಗೆ ರಿಜೆಕ್ಟ್ ಜ್ಯೋತಿ ಎಂದು ಹೆಸರಿಟ್ಟಿದ್ದರು. ಆ ಹೆಸರು ಕಿವಿಗೆ ಬಿದ್ದಾಗ ಅವಳಿಗೆ ಸಿಟ್ಟು ಬರಲಿಲ್ಲ, ಇಷ್ಟು ತಡವಾಗಿ ಇಟ್ಟರಲ್ಲ ಅನ್ನಿಸಿತು.

ಈ ಕಣ್ಣು ಅವಳಿಗೆ ಅನ್ನ ಹಾಕಿದ ಕಣ್ಣು. ಪಿಲ್ಲಗುಂಪೆಯಲ್ಲಿ ಕಾರಿನ ಬಿಡಿಭಾಗ ಮಾಡುವ ಕಾರ್ಖಾನೆಯೊಂದಿತ್ತು. ಪಿಯುಸಿ ಮುಗಿಸಿ, ಮದುವೆಯಾಗಿ, ಇಪ್ಪತ್ತಮೂರನೇ ವಯಸ್ಸಿಗೆ ಅಲ್ಲಿ ಪ್ಯಾಕಿಂಗಿಗೆ ಸೇರಿದಳು. ದೇವನಹಳ್ಳಿಯಲ್ಲಿ ವಿಮಾನ ಇಳಿಯತೊಡಗಿದ ವರ್ಷ ಅದು. ಊರವರೆಲ್ಲ ಕತ್ತು ಮೇಲೆತ್ತಿಕೊಂಡು ಓಡಾಡುತ್ತಿದ್ದಾಗ ಇವಳು ತಲೆ ತಗ್ಗಿಸಿ ಪೆಟ್ಟಿಗೆಗೆ ತುಂಬುವ ಕಬ್ಬಿಣದ ತುಂಡನ್ನು ನೋಡುತ್ತಿದ್ದಳು. ಪರೀಕ್ಷೆ ಮುಗಿದು ಸರಿಯಿದೆ ಎಂದು ಬಂದ ಮಾಲಿನಲ್ಲೇ ದಿನಕ್ಕೆ ಏಳೆಂಟು ಬಿರುಕು ಬಿಟ್ಟದ್ದನ್ನು ಆರಿಸಿ ಎತ್ತಿಡುತ್ತಿದ್ದಳು. ಅದನ್ನು ಕಂಡ ಫೋರ್‌ಮನ್ ಆಂಜಿನಪ್ಪ ಅವಳನ್ನು ತಪಾಸಣೆ ಮೇಜಿಗೆ ಎಳೆದುಕೊಂಡ. ಅಳತೆ ತೆಗೆಯುವುದು, ಡ್ರಾಯಿಂಗ್ ಓದುವುದು ಎಲ್ಲವನ್ನೂ ಅವನೇ ಕಲಿಸಿದ. ಎಲ್ಲಕ್ಕಿಂತ ಮೊದಲು ಕಲಿಸಿದ್ದು ಕೆಂಪು ಚೀಟಿ ಬರೆಯುವುದನ್ನು. ಬೇಡವೆಂದು ತೆಗೆದಿಟ್ಟ ಪ್ರತಿ ತುಂಡಿಗೂ ಒಂದು ಕೆಂಪು ಚೀಟಿ ಕಟ್ಟಬೇಕು, ಅದರಲ್ಲಿ ಕಾರಣ ಬರೆದು ಸಹಿ ಹಾಕಬೇಕು.

"ಕಾರಣ ಬರೀದೆ ರಿಜೆಕ್ಟ್ ಮಾಡೋದು ಅಂದ್ರೆ ಪಂಕ್ತೀಲಿ ಕೂತೋನ್ನ ಎಲೆ ಮುಂದಿಂದ ಎಬ್ಬಿಸಿ ಕಳಿಸ್ದಂಗೆ ಕಣಮ್ಮ," ಅನ್ನುತ್ತಿದ್ದ ಆಂಜಿನಪ್ಪ. "ಕಬ್ಬಿಣದ ತುಂಡ್ಗೂ ಒಂದು ಮರ್ವಾದೆ ಐತೆ."

ಹದಿನಾಲ್ಕು ವರ್ಷ ಅವಳು ಹೀಗೆ ಚೀಟಿ ಬರೆದಳು. ಕೊನೆಯ ಎಂಟು ವರ್ಷ ಗುರುತಿನ ಚೀಟಿಯ ಮೇಲೆ ಹೆಸರಿನ ಕೆಳಗೆ ಇನ್‌ಸ್ಪೆಕ್ಟರ್ ಎಂದಿತ್ತು. ಆಮೇಲೆ ಒಂದು ದಿನ ಮಾಲೀಕರು ಕಾರ್ಖಾನೆಗೆ ಬೀಗ ಜಡಿದು ಹೋದರು. ಗೇಟಿಗೆ ಅಂಟಿಸಿದ ನೋಟಿಸಿನಲ್ಲಿ 'ಅನಿವಾರ್ಯ ಕಾರಣಗಳಿಂದ' ಎಂದು ಬರೆದಿತ್ತು. ಅದು ಯಾವ ಸೀಮೆ ಕಾರಣ ಎಂದು ಜ್ಯೋತಿಲಕ್ಷ್ಮಿ ಗೇಟಿನ ಮುಂದೆ ನಿಂತು ಬೈದಳು.

ಅವಳ ಗಂಡ ರವಿಚಂದ್ರ ಶಾಲೆಯ ವ್ಯಾನ್ ಓಡಿಸುವವನು, ಬಾಯಿಲ್ಲದ ಪ್ರಾಣಿ. ಬಾಯಿಯೆಲ್ಲ ಅವನ ಅಣ್ಣ ದೇವೇಂದ್ರನ ಪಾಲಿಗೆ ಹೋಗಿತ್ತು. ದೇವೇಂದ್ರ ವಿಮಾನ ನಿಲ್ದಾಣದ ಸುತ್ತಮುತ್ತಲ ಹೋಟೆಲು, ಗೋದಾಮುಗಳಿಗೆ ಕಸ ಗುಡಿಸಲು, ನೆಲ ಒರೆಸಲು ಜನ ಕಳಿಸುವ ಕಾಂಟ್ರಾಕ್ಟರ್. ಬಿಳಿ ಅಂಗಿ, ಎರಡು ಫೋನು, ಮಾತಿಗೊಮ್ಮೆ ಯಾರೋ ಎಂಎಲ್‌ಎಯ ಪಿಎ.

"ಸುಮ್ನೆ ಯಾಕಮ್ಮ ತಲೆ ಕೆಡಿಸ್ಕೊಂತೀಯ? ನಮ್ ಕಾಂಟ್ರಾಕ್ಟಲ್ಲಿ ಹೌಸ್‌ಕೀಪಿಂಗ್‌ಗೆ ಬಂದ್ಬಿಡು. ಒಂದನೇ ತಾರೀಕಿಗೆ ಎಪ್ಪತ್ ಜನ ಬೇಕು. ಈ ರೆಸ್ಯೂಮು ಗಿಸ್ಯೂಮು ಎಲ್ಲಾ ನಮ್ಮಂಥೋರ್ಗಲ್ಲ."

"ಯೋಚ್ನೆ ಮಾಡ್ತೀನಿ ಭಾವ," ಅಂದಳು ಜ್ಯೋತಿಲಕ್ಷ್ಮಿ. ಯೋಚನೆ ಏನೂ ಇರಲಿಲ್ಲ. ಗುಡಿಸುವುದು ಕೀಳು ಎಂದು ಅವಳಿಗನ್ನಿಸಲಿಲ್ಲ. ಅವಳಮ್ಮ ಸ್ಕೂಲಿನಲ್ಲಿ ಗುಡಿಸಿಯೇ ಅವಳನ್ನು ಓದಿಸಿದ್ದು. ಆದರೆ ಕೂದಲೆಳೆಯಷ್ಟು ಬಿರುಕನ್ನು ಬರಿಗಣ್ಣಲ್ಲಿ ಹಿಡಿಯಲು ಹದಿನಾಲ್ಕು ವರ್ಷ ಬೇಕಾಗಿತ್ತು. ಅದನ್ನು ಸುಮ್ಮನೆ ಎಸೆದು, ಇನ್‌ಸ್ಪೆಕ್ಟರ್ ಅನ್ನುವ ಹೆಸರನ್ನು ಅಳಿಸಿಕೊಂಡು ಈ ದೇವೇಂದ್ರನ ಲಿಸ್ಟಿನಲ್ಲಿ ಎಪ್ಪತ್ತರಲ್ಲಿ ಒಬ್ಬಳಾಗಲು ಅವಳು ತಯಾರಿರಲಿಲ್ಲ.

ದೇವನಹಳ್ಳಿಯ ಹತ್ತಿರ ವಿಮಾನದ ಸೀಟಿನ ಬಿಡಿಭಾಗ ಮಾಡುವ ಹೊಸ ಕಂಪನಿಯೊಂದು ಬಂದಿತ್ತು. ಅವರಿಗೆ ಇನ್‌ಸ್ಪೆಕ್ಟರುಗಳು ಬೇಕಿದ್ದರು, ಹೊಸಕೋಟೆಯಿಂದ ಬಸ್ಸೂ ಇತ್ತು. ಜ್ಯೋತಿಲಕ್ಷ್ಮಿ ಎರಡು ಸಲ ಅರ್ಜಿ ಹಾಕಿಸಿದಳು. ಎರಡು ಸಲವೂ ಅರ್ಧ ಗಂಟೆಯೊಳಗೆ ಉತ್ತರ ಬಂತು: ನಿಮ್ಮ ಆಸಕ್ತಿಗೆ ಧನ್ಯವಾದ, ನಿಮ್ಮ ಅರ್ಜಿಯನ್ನು ಮುಂದಕ್ಕೆ ತೆಗೆದುಕೊಳ್ಳುತ್ತಿಲ್ಲ. ಕಾರಣ ಇಲ್ಲ, ಸಹಿ ಇಲ್ಲ, ಬರೆದವರ ಹೆಸರೂ ಇಲ್ಲ. ಬಾಗಿಲಿಗೆ ಬಂದ ಭಿಕ್ಷುಕನಿಗೂ ಮುಂದಕ್ಕೆ ಹೋಗಪ್ಪ ಅನ್ನಲು ಮನೆಯಿಂದ ಒಬ್ಬರು ಎದ್ದು ಬರುತ್ತಾರೆ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಅನ್ನುವ ಗಾದೆಯಲ್ಲಿ ಪೂಜಾರಿಯಾದರೂ ಒಬ್ಬ ಮನುಷ್ಯ. ಇಲ್ಲಿ ಅರ್ಜಿ ಓದುವುದೂ ಮಿಷಿನ್ನು, ಬೇಡ ಅನ್ನುವುದೂ ಮಿಷಿನ್ನು.

ಮೂರನೇ ಸಲ ಅದೇ ಕೆಲಸಕ್ಕೆ ಅರ್ಜಿ ಕರೆದಾಗ ಕೊನೇ ದಿನ ಶನಿವಾರ. ದೇವೇಂದ್ರನೂ ಸೋಮವಾರದೊಳಗೆ ಹೆಸರು ಕೊಡು ಎಂದಿದ್ದ. ಈ ಸಲ ನಾನೇ ಪಕ್ಕದಲ್ಲಿ ಕೂತು ನೋಡುತ್ತೇನೆ ಎಂದು ಅವಳು ಬಸ್ ಸ್ಟ್ಯಾಂಡ್ ಹಿಂದೆ, ಆ ಎರಡು ಅರ್ಜಿ ಹಾಕಿಕೊಟ್ಟಿದ್ದ ಮನೋಹರನ ಡಿಟಿಪಿ ಅಂಗಡಿಗೆ ಹೋದಳು.

ಮನೋಹರನ ಕಸುಬು ಲಗ್ನಪತ್ರಿಕೆ. ನಾಮಕರಣ, ಗೃಹಪ್ರವೇಶ, ವೈಕುಂಠ ಸಮಾರಾಧನೆ ಎಲ್ಲ ಅವನ ಕೈಯಲ್ಲೇ ಆಗಬೇಕು. ಕೆಲಸ ಹುಡುಕುವವರು ಬರತೊಡಗಿದ ಮೇಲೆ ಅದೇ ಕೈಯಲ್ಲಿ ರೆಸ್ಯೂಮನ್ನೂ ಮಾಡತೊಡಗಿದ. ಸುತ್ತ ಬಳ್ಳಿಯ ಬಾರ್ಡರು, ಮೂಲೆಯಲ್ಲಿ ಅಂಡಾಕಾರದ ಫೋಟೋ. ಪತ್ರಿಕೆಯ ಪದ್ಧತಿಯಂತೆ ಹಿರಿಯರು ಮೊದಲು: ಅವಳ ಸ್ವರ್ಗಸ್ಥ ತಂದೆ, ಅತ್ತೆ ಮಾವ, ಗಂಡ, ಊರು, ಹೋಬಳಿ. ಅವಳ ಹದಿನಾಲ್ಕು ವರ್ಷದ ದುಡಿಮೆ ಕಟ್ಟಕಡೆಗೆ, ಲಗ್ನಪತ್ರಿಕೆಯಲ್ಲಿ ಆಗಮನಾಭಿಲಾಷಿಗಳು ಇರುವ ಜಾಗದಲ್ಲಿ, ಒಂದೇ ಸಾಲು. ಅದರ ಕೆಳಗೆ ಹವ್ಯಾಸ: ಚೆಸ್ ಆಡುವುದು, ಸಂಗೀತ ಕೇಳುವುದು. ಹೊಸಕೋಟೆ ತಾಲ್ಲೂಕಿನಲ್ಲಿ ಕೆಲಸ ಕಳೆದುಕೊಂಡವರೆಲ್ಲರ ಹವ್ಯಾಸವೂ ಚೆಸ್ಸೇ. ಜ್ಯೋತಿಲಕ್ಷ್ಮಿ ಚೆಸ್ಸಿನ ಮಣೆಯನ್ನು ಕಣ್ಣಲ್ಲೂ ಕಂಡವಳಲ್ಲ.

ಮನೋಹರ ಫೈಲನ್ನು ಕಂಪನಿಯ ವೆಬ್‌ಸೈಟಿಗೆ ಹಾಕಿದ. ರೆಸ್ಯೂಮನ್ನು ಓದಿಕೊಂಡು ಮಿಷಿನ್ನೇ ತುಂಬಬೇಕಾದ ಖಾನೆಗಳು ತೆರೆದವು. ಅವನು ಅಭ್ಯಾಸಬಲದಿಂದ ಪಟಪಟನೆ ಮುಂದಕ್ಕೆ ಒತ್ತುತ್ತಾ ಹೋದ.

"ನಿಲ್ಸೋ!" ಅಂದಳು ಜ್ಯೋತಿಲಕ್ಷ್ಮಿ. "ಹಿಂದಕ್ ಹೋಗು. ಅನುಭವ ಅನ್ನೋ ಕಡೆ ಏನೈತೆ?"

"ಸೊನ್ನೆ ವರ್ಷ ಅಂತೈತಕ್ಕ. ಅದು ಯಾವಾಗ್ಲೂ ಹಂಗೇ ಬರೋದು."

"ಯಾವಾಗ್ಲೂ?"

"ಎಲ್ಲಾರ್ದೂ ಹಂಗೇ ಬರ್ತದೆ. ನಾನ್ ಮುಂದಕ್ ಒತ್ತೀನಿ."

ಅಂಗೈ ಹುಣ್ಣಿಗೆ ಕನ್ನಡಿ ಬೇಕೆ? ಕೌಶಲ ಅನ್ನುವ ಖಾನೆಯೂ ಖಾಲಿ, ಓದು ಅನ್ನುವ ಖಾನೆಯೂ ಖಾಲಿ. ಮಿಷಿನ್ನು ಅವಳ ರೆಸ್ಯೂಮಿನಲ್ಲಿ ಒಂದಕ್ಷರವನ್ನೂ ಓದಿರಲಿಲ್ಲ. ಯಾಕೆ ಎಂದು ಅವಳು ಮನೋಹರನ ಬೆನ್ನು ಬಿದ್ದಳು. ಅವನು ಕೊನೆಗೆ ಬಾಯಿಬಿಟ್ಟ. ಲಗ್ನಪತ್ರಿಕೆಯ ಫೈಲನ್ನು ಅಕ್ಷರದಲ್ಲೇ ಕೊಟ್ಟರೆ ಪಕ್ಕದಂಗಡಿಯವನು ಹೆಸರು ಬದಲಾಯಿಸಿ ತಾನೇ ಅಚ್ಚು ಹಾಕಿಕೊಳ್ಳುತ್ತಾನೆ. ಅದಕ್ಕೆ ಇವನು ಎಲ್ಲವನ್ನೂ ಫೋಟೋ ಮಾಡಿಯೇ ಉಳಿಸುವುದು. ರೆಸ್ಯೂಮನ್ನೂ ಅಷ್ಟೇ. ಜನರ ಕಣ್ಣಿಗೆ ಅದು ಬರಹ, ಮಿಷಿನ್ನಿಗೆ ಬರೀ ಚಿತ್ರ.

"ಎಷ್ಟು ಜನಕ್ಕೆ ಹಿಂಗ್ ಮಾಡ್ಕೊಟ್ಟಿದೀಯೋ ಪುಣ್ಯಾತ್ಮ?"

ಅವನು ಫೋಲ್ಡರ್ ತೆರೆದು ತೋರಿಸಿದ. ಅವಳ ಜೊತೆ ಕೆಲಸ ಮಾಡಿದ ಹೆಂಗಸರೆಲ್ಲ ಅಲ್ಲಿ ಸಾಲಾಗಿ ಬಳ್ಳಿಯ ಬಾರ್ಡರಿನೊಳಗೆ ಕೂತಿದ್ದರು. ನಮ್ಮ ಹಣೆಬರಹ ಇಷ್ಟೇ ಎಂದುಕೊಂಡು ಅವರಲ್ಲಿ ಅರ್ಧ ಜನ ಆಗಲೇ ದೇವೇಂದ್ರನಿಗೆ ಹೆಸರು ಕೊಟ್ಟಾಗಿತ್ತು. ಜ್ಯೋತಿಲಕ್ಷ್ಮಿಗೆ ಅಳು ಬರಬೇಕಿತ್ತು, ಬಂದದ್ದು ಕೋಪ. ಓದಲು ಬಾರದ ಮಿಷಿನ್ನು, ಓದಿಸಲು ಬಾರದ ಮನೋಹರ, ಇವರಿಬ್ಬರ ನಡುವೆ ಮೂವತ್ತು ಹೆಂಗಸರ ಬಾಳು!

"ಬಾರ್ಡರ್ ಕಿತ್ತಾಕು. ಫೋಟೋ ಬೇಡ, ಅಪ್ಪ ಬೇಡ, ಮಾವ ಬೇಡ. ಬರೀ ಅಕ್ಷರ ಇರ್ಲಿ. ಕೂತ್ಕೊಂಡ್ ಟೈಪ್ ಮಾಡು."

ಕಾರ್ಖಾನೆಯಲ್ಲಿ ತುಂಡನ್ನು ಡ್ರಾಯಿಂಗ್ ಪಕ್ಕದಲ್ಲಿಟ್ಟು ನೋಡುತ್ತಾರೆ. ಡ್ರಾಯಿಂಗ್ ಹೇಳಿದ ಅಳತೆ ತುಂಡಿನಲ್ಲಿರಬೇಕು. ಅವಳು ಕಂಪನಿಯ ಪ್ರಕಟಣೆಯನ್ನು ಪ್ರಿಂಟ್ ತೆಗೆಸಿ ಡ್ರಾಯಿಂಗ್ ಮಾಡಿಕೊಂಡಳು. ಅವರು ಕೇಳಿದ್ದರ ಕೆಳಗೆಲ್ಲ ಪೆನ್ಸಿಲ್ಲಿನಲ್ಲಿ ಗೆರೆ ಎಳೆದಳು. ಡ್ರಾಯಿಂಗ್ ಓದುವುದು, ಮೈಕ್ರೋಮೀಟರ್ ಬಳಕೆ, ರಿಜೆಕ್ಷನ್ ವರದಿ. ಯಾವುದನ್ನು ತಾನು ದಿನವೂ ಮಾಡಿದ್ದಳೋ ಅದನ್ನು ಅವರು ಬರೆದ ಮಾತಿನಲ್ಲೇ ಬರೆಸಿದಳು. ಎಷ್ಟು ವರ್ಷ, ದಿನಕ್ಕೆ ಎಷ್ಟು ತುಂಡು ಎಂಬುದನ್ನೂ ಹಾಕಿಸಿದಳು. ಮಾಡದಿದ್ದುದನ್ನು ಬಿಟ್ಟಳು. ಚೆಸ್ಸನ್ನೂ ಬಿಟ್ಟಳು.

ಅಷ್ಟರಲ್ಲಿ ಮನೋಹರನಿಗೆ ಬುದ್ಧಿ ಚುರುಕಾಯಿತು. "ಅಕ್ಕ, ಒಂದು ಐಡಿಯಾ. ಅವ್ರು ಕೇಳಿರೋದೆಲ್ಲಾನೂ ಕೆಳಗಡೆ ಬಿಳೀ ಅಕ್ಷರದಲ್ಲಿ ಹಾಕ್ಬಿಡಣ. ಮನುಷ್ರಿಗ್ ಕಾಣ್ಸಲ್ಲ, ಮಿಷಿನ್ ಓದ್ಕೊಂತದೆ. ಫುಲ್ ಮಾರ್ಕ್ಸು!"

"ಬಿರುಕಿಗೆ ಮೇಣ ತುಂಬಿ ಪೇಂಟ್ ಹೊಡ್ಕೊಂಡ್ ಬರೋ ಸಪ್ಲೈಯರ್‌ಗಳ್ನ ನಾನು ಉಗುರಲ್ಲೇ ಹಿಡ್ದಿದೀನಿ ಕಣೋ. ಅವರ್ ಸಾಲಿಗ್ ನನ್ನ ಸೇರಿಸ್ಬೇಡ," ಅಂದಳು.

ಹೊಸ ಫೈಲ್ ಹಾಕಿದಾಗ ಖಾನೆಗಳು ತಾವಾಗಿ ತುಂಬಿಕೊಂಡವು. ಅನುಭವ: ಹದಿನಾಲ್ಕು ವರ್ಷ. ಅವಳು ಪ್ರತಿ ಖಾನೆಯನ್ನೂ ಬೆರಳಿಟ್ಟು ನೋಡಿ ಆಮೇಲೆ ಒತ್ತು ಅಂದಳು. ಮಿಕ್ಕ ಹೆಂಗಸರ ರೆಸ್ಯೂಮನ್ನೂ ಬಿಟ್ಟಿಯಾಗಿ ಹೀಗೇ ಮಾಡಿಕೊಡುತ್ತೇನೆ ಎಂದು ಮನೋಹರನ ಬಾಯಲ್ಲಿ ಹೇಳಿಸಿಯೇ ಅಂಗಡಿಯಿಂದ ಎದ್ದಳು. ಸೋಮವಾರ ದೇವೇಂದ್ರನಿಗೆ ಹೆಸರು ಕೊಡಲಿಲ್ಲ. ಅವನ ಲಿಸ್ಟು ಭರ್ತಿಯಾಯಿತು. ಆಮೇಲೆ ಬಂದು ಕಾಲು ಹಿಡಿದರೂ ಇಲ್ಲ ಎಂದು ತಮ್ಮನ ಕೈಲಿ ಹೇಳಿಕಳಿಸಿದ.

ಮಂಗಳವಾರ ಕಂಪನಿಯಿಂದ ಫೋನ್ ಬಂತು, ಗುರುವಾರ ಇಂಟರ್‌ವ್ಯೂ. ಕೆಲಸಕ್ಕೆ ಜನ ಆರಿಸುವ ಸಿಂಧು ಎಂಬ ಹುಡುಗಿ ಎದುರಿಗೆ ಕೂತಿದ್ದಳು, ಪಕ್ಕದಲ್ಲಿ ತಲೆ ನರೆತ ಒಬ್ಬ ಎಂಜಿನಿಯರ್. ಸಿಂಧುವಿನ ಕನ್ನಡದಲ್ಲಿ ಹತ್ತಕ್ಕೆ ಎಂಟು ಮಾತು ಇಂಗ್ಲಿಷು.

"ನೀವು ಪ್ಯಾಶನೇಟ್ ಆಗಿದ್ದೀರಾ?"

"ಹಂಗಂದ್ರೆ ಏನ್ ಮೇಡಂ? ಕೆಲ್ಸ ಸರಿಯಾಗ್ ಮಾಡ್ತೀನಿ."

"ಓಕೆ. ಇನ್ನೈದು ವರ್ಷಕ್ಕೆ ನೀವು ಏನಾಗಿರ್ತೀರಾ?"

"ನಲವತ್ತೆರಡು ಆಗಿರ್ತದೆ ಮೇಡಂ."

ಎಂಜಿನಿಯರ್ ಕೆಮ್ಮುವವನ ಹಾಗೆ ಮಾಡಿ ನಗು ನುಂಗಿಕೊಂಡ. ಇಪ್ಪತ್ತು ತುಂಡುಗಳ ಒಂದು ತಟ್ಟೆಯನ್ನು ಅವಳ ಮುಂದಕ್ಕೆ ಸರಿಸಿದ. ಅವನಿಗೆ ಗೊತ್ತಿದ್ದ ಕೆಟ್ಟ ತುಂಡು ನಾಲ್ಕು. ಜ್ಯೋತಿಲಕ್ಷ್ಮಿ ಐದನ್ನು ತೆಗೆದಿಟ್ಟು, ಐದಕ್ಕೂ ಕಾರಣ ಹೇಳಿದಳು. ಐದನೆಯದನ್ನು ಅವನು ಭೂತಗನ್ನಡಿಯಲ್ಲಿ ಬಹಳ ಹೊತ್ತು ನೋಡಿ ತಲೆದೂಗಿದ. ಇನ್ನು ಹೊರಡಬಹುದು ಎಂದಾಗ ಅವಳು ಏಳಲಿಲ್ಲ.

"ಮುಂಚೆ ಎರಡ್ ಸಲ ನನ್ನ ಬೇಡ ಅಂದಿದ್ರಿ. ಏನ್ ಕಾರಣ ಬರ್ಕೊಂಡಿದ್ರಿ ಮೇಡಂ?"

"ಅದು ಸಿಸ್ಟಂ ಫಿಲ್ಟರ್ ಮಾಡೋದು. ಅದರಲ್ಲಿ ರೀಸನ್ ಎಲ್ಲ ಬರಲ್ಲ," ಅಂದಳು ಸಿಂಧು.

"ನಮ್ ಲೈನಲ್ಲಿ ಕಾರಣ ಬರೀದೇ ತೆಗ್ದಿಟ್ಟೋರ್ನ ಮೇಜಿಂದ ಎಬ್ಬಿಸ್ತಿದ್ರು," ಅಂದು ಜ್ಯೋತಿಲಕ್ಷ್ಮಿ ನಮಸ್ಕಾರ ಮಾಡಿ ಬಂದಳು.

ಶನಿವಾರ ನೇಮಕದ ಪತ್ರ ಬಂತು. ಮನೋಹರ ಪ್ರಿಂಟ್ ತೆಗೆದು, ಸ್ವೀಟ್ ಎಲ್ಲಿ ಅಕ್ಕ ಎಂದು ಹಲ್ಲು ಕಿರಿದ. ಅವಳು ಪತ್ರವನ್ನು ಮನೆಗೆ ತಂದು ಎರಡು ಸಲ ಓದಿದಳು. ಹೆಸರು ಸರಿ, ವಿಳಾಸ ಸರಿ, ಸೇರುವ ದಿನ ಸರಿ. ಹುದ್ದೆ: ಹೆಲ್ಪರ್.

"ಮೊದ್ಲು ಒಳೀಕ್ ಹೋಗು, ಆಮೇಲ್ ಸರಿ ಮಾಡಿಸ್ಕೊಂಡ್ರಾಯ್ತು," ಅಂದ ರವಿಚಂದ್ರ. ಅಪರೂಪಕ್ಕೆ ಬಾಯಿಬಿಟ್ಟರೆ ಇಂಥದ್ದೇ. "ಅಣ್ಣನ್ ಲಿಸ್ಟೂ ಹೋಯ್ತು. ಇದೂ ಕೈ ಬಿಟ್ರೆ?"

ಅವಳಿಗೂ ಹೆದರಿಕೆಯಿತ್ತು. ಆದರೆ ತಪ್ಪಿದ್ದ ತುಂಡನ್ನು ಆಮೇಲೆ ನೋಡೋಣ ಎಂದು ಅವಳು ತನ್ನ ಮೇಜನ್ನು ಯಾವತ್ತೂ ದಾಟಿಸಿರಲಿಲ್ಲ. ಟ್ರಂಕಿನ ತಳದಲ್ಲಿ ಹಳೆಯ ಕಾರ್ಖಾನೆಯ ಕೆಂಪು ಚೀಟಿಯ ಪುಸ್ತಕವೊಂದು ಉಳಿದಿತ್ತು. ಒಂದು ಚೀಟಿ ಹರಿದು ಬರೆದಳು. ಕಾರಣ: ಕರೆದದ್ದು ಇನ್‌ಸ್ಪೆಕ್ಟರ್ ಕೆಲಸಕ್ಕೆ, ಪರೀಕ್ಷೆ ಮಾಡಿದ್ದೂ ಅದಕ್ಕೇ, ಬಂದದ್ದು ಹೆಲ್ಪರ್. ವಾಪಸ್. ಕೆಳಗೆ ಸಹಿ ಹಾಕಿ, ಪತ್ರಕ್ಕೆ ಗುಂಡುಸೂಜಿಯಲ್ಲಿ ಚುಚ್ಚಿ, ಫೋಟೋ ತೆಗೆದು ಸಿಂಧುವಿಗೆ ಕಳಿಸಿದಳು.

ಕಾಲು ಗಂಟೆಗೆ ಫೋನ್ ಬಂತು.

"ಆಫರ್ ಲೆಟರ್‌ನ ಯಾರಾದ್ರೂ ರಿಜೆಕ್ಟ್ ಮಾಡ್ತಾರಾ? ನಿಮ್ಮ ಹಿಂದೆ ಇನ್ನೂ ನೂರು ಜನ ಕ್ಯೂನಲ್ಲಿದ್ದಾರೆ, ಗೊತ್ತಾ?"

"ಇರ್ಲಿ ಮೇಡಂ. ಲೆಟರ್‌ನಲ್ಲಿ ತಪ್ಪೈತೆ. ಕಾರಣ ಬರ್ದಿದೀನಿ, ಓದಿದ್ರಾ?"

ಆ ಕಡೆಯಿಂದ ಫೋನ್ ಕಟ್ಟಾಯಿತು. ಭಾನುವಾರ ಉತ್ತರ ಬರಲಿಲ್ಲ. ಸೋಮವಾರವೂ ಏನೂ ಇಲ್ಲ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವ ದೇವೇಂದ್ರ, ತಮ್ಮನ ಹೆಂಡತಿಗೆ ಸಿಕ್ಕ ಕೆಲಸವನ್ನು ಕಾಲಲ್ಲಿ ಒದೆಯುವ ಕೊಬ್ಬು ಎಂದು ಊರೆಲ್ಲ ಹೇಳಿಕೊಂಡು ಬಂದ.

ಮಂಗಳವಾರ ಮಧ್ಯಾಹ್ನ ಹೊಸ ಪತ್ರ ಬಂತು. ಜ್ಯೋತಿಲಕ್ಷ್ಮಿ ನೇರವಾಗಿ ಹುದ್ದೆಯ ಸಾಲಿಗೆ ಹೋದಳು. ಕ್ವಾಲಿಟಿ ಇನ್‌ಸ್ಪೆಕ್ಟರ್. ಆಮೇಲೆ ಮೊದಲಿನಿಂದ ಕೊನೆಯವರೆಗೆ ಮೂರು ಸಲ ಓದಿದಳು, ಒಂದು ತಪ್ಪೂ ಸಿಗಲಿಲ್ಲ. ಪತ್ರದ ಜೊತೆ ಸಿಂಧು ಎರಡು ಸಾಲು ಬರೆದಿದ್ದಳು. ಕಾರಣ: ಹಳೆಯ ನಮೂನೆಯಲ್ಲಿ ಹುದ್ದೆ ಬದಲಾಯಿಸದೆ ಕಳಿಸಿದ್ದು, ನಮ್ಮದೇ ತಪ್ಪು. ಕೆಳಗೆ ಅವಳ ಹೆಸರು, ಸಹಿ.

ಜ್ಯೋತಿಲಕ್ಷ್ಮಿ ಆ ಎರಡು ಸಾಲನ್ನು ಗಂಡನ ಮುಖದ ಮುಂದೆ ಹಿಡಿದಳು.

"ನೋಡಿದ್ರಾ? ಬರೆಯಕ್ಕೆ ಬರ್ತದೆ ಇವ್ರಿಗೆ!"