ಬಂದಂಕಿ ಮತ್ತೆ ಬರಂಗಿಲ್ಲ

ನಮ್ಮ ಶಾಲೆಯ ಶಿಕ್ಷಕರದೊಂದು ವಾಟ್ಸಾಪ್ ಗುಂಪಿದೆ. ಬೆಳಗಾದರೆ ಗುಲಾಬಿ ಹೂವು, ಸುಭಾಷಿತ, ಯಾರದೋ ಮೊಮ್ಮಗುವಿನ ಹುಟ್ಟುಹಬ್ಬ. ಈ ಭಾನುವಾರ ಅದರಲ್ಲೊಂದು ಲೆಕ್ಕ ಬಂತು. ಮೂರಂಕಿಯ ಸಂಖ್ಯೆ. ಅಂಕಿಗಳನ್ನು ಕೂಡಿದರೆ ಹನ್ನೆರಡು. ನಡುವಿನದು ಮೊದಲಿನದರ ಎರಡರಷ್ಟು. ಮೊದಲಿನದೂ ಕೊನೆಯದೂ ಒಂದೇ. ಕೆಳಗೆ ಯಾರೋ, ‘ಗಣಿತದ ಮೇಡಂ ಎಲ್ಲದಾರ್ರಿ?’ ಎಂದು ಕೆಣಕಿದ್ದರು. ಮುನ್ನೂರ ಅರವತ್ತಮೂರು ಎಂದು ಓದುವಾಗಲೇ ಹೊಳೆದಿತ್ತು. ಬರೆಯಲು ಕೈ ಬರಲಿಲ್ಲ. ಒಂದೇ ಅಂಕಿ ಎರಡು ಸಲ ಬಂದ ಲೆಕ್ಕ ಕಂಡರೆ ನಾನೀಗ ಫೋನ್ ಮಗುಚಿಡುತ್ತೇನೆ. ನಗಬೇಡಿ, ಕಾರಣ ಹೇಳುತ್ತೇನೆ.

ನನ್ನ ಅಣ್ಣ ಹರಿಹರದ ಒಂದು ಕಾರ್ಖಾನೆಯಲ್ಲಿ ಲೇತ್ ಮಶಿನ್ ನಡೆಸುತ್ತಿದ್ದ. ಯಾವ ಸಂಖ್ಯೆಯನ್ನೂ ನೆಟ್ಟಗೆ ಹೇಳಿದವನಲ್ಲ. ಹತ್ತನೇ ತರಗತಿಯ ಗಣಿತದಲ್ಲಿ ಎಷ್ಟು ಬಂತೋ ಎಂದು ಅಪ್ಪ ಕೇಳಿದರೆ, ‘ಎರಡಂಕಿ ಐತಪ್ಪ. ಕೂಡಿದ್ರೆ ಹನ್ನೊಂದು. ಒಂದಕ್ಕಿಂತ ಒಂದು ಏಳು ಹೆಚ್ಚು’ ಎಂದಿದ್ದ. ಅಪ್ಪ ಬೆರಳು ಮಡಚಿ, ಇಪ್ಪತ್ತೊಂಬತ್ತು ಎಂದು ತೀರ್ಮಾನಿಸಿ ಚಪ್ಪಲಿ ಕೈಗೆತ್ತಿಕೊಂಡ. ತೊಂಬತ್ತೆರಡು ಎಂದು ತಿಳಿಯುವಷ್ಟರಲ್ಲಿ ಎರಡೇಟು ಬಿದ್ದಾಗಿತ್ತು. ‘ಇವನ್ನ ಟೈಮ್ ಕೇಳಾದ್ರಾಗೆ ಬಸ್ ಹೋಗಿರ್ತೈತೆ’ ಎಂದು ಅವ್ವ ಬೈಯುತ್ತಿದ್ದಳು.

ಅವನ ಆಟಕ್ಕೆ ಸಿಕ್ಕ ಖಾಯಂ ಗಿರಾಕಿ ನಾನೊಬ್ಬಳೇ. ನನಗೆ ಏಳು ವರ್ಷವಿದ್ದಾಗ ಅವನು ಐದು ಎರಡು ಸಲ ಬರುವ ಸಂಖ್ಯೆ ಇಟ್ಟು ನನ್ನನ್ನು ಸೋಲಿಸಿದ. ನಾನು ನೆಲಕ್ಕೆ ಬಿದ್ದು ಹೊರಳಾಡಿ ಅತ್ತೆ. ಅದು ಮೋಸ, ಬಂದ ಅಂಕಿ ಮತ್ತೆ ಬರಬಾರದು ಎಂದು ಹಟ. ‘ಆತು, ಅಳಬ್ಯಾಡ. ಇನ್ಮ್ಯಾಲೆ ಬಂದಂಕಿ ಮತ್ತೆ ಬರಂಗಿಲ್ಲ’ ಎಂದ. ಅಂದು ಕೊಟ್ಟ ಮಾತನ್ನು ನನ್ನ ತಲೆ ನರೆಯುವವರೆಗೂ ನಡೆಸಿದ. ಹಟ ನನ್ನದು, ನಿಯಮ ನನ್ನದು. ಅದರ ಮೇಲೆ ನಾನು ಗಣಿತದ ಟೀಚರ್ ಬೇರೆ ಆದೆ, ನನ್ನ ಜಂಭಕ್ಕೆ ಸರ್ಕಾರದ ಮೊಹರು ಬಿದ್ದಂತಾಯಿತು.

ಅವನಿಗಿದ್ದವಳು ಒಬ್ಬಳೇ ಮಗಳು, ಶೈಲಾ. ತಾಯಿಯಿಲ್ಲದ ಕೂಸೆಂದು ಅಂಗೈಯಲ್ಲಿಟ್ಟು ಸಾಕಿದ. ಅವಳು ತಾನು ಮೆಚ್ಚಿದವನನ್ನು ಮದುವೆಯಾದ ದಿನ, ‘ನನ್ನ ಪಾಲಿಗೆ ಆಕಿ ಸತ್ಲು’ ಎಂದು ನೆಂಟರೆಲ್ಲರ ಎದುರು ಹೇಳಿಬಿಟ್ಟ. ಆಡಿದ ಮಾತನ್ನು ನುಂಗಲು ಗಂಟಲು ಒಪ್ಪದೆ ಆರು ವರ್ಷ ಕಳೆದ.

ಮೂರು ವರ್ಷದ ಹಿಂದೆ ಅವನಿಗೆ ಲಕ್ವ ಹೊಡೆಯಿತು. ದಾವಣಗೆರೆಯ ಆಸ್ಪತ್ರೆಗೆ ತಂದೆವು. ಮಾತು ನಿಂತಿತ್ತು, ಎಡಗೈಯಲ್ಲಿ ಮಾತ್ರ ಒಂದಿಷ್ಟು ಕಸುವಿತ್ತು. ನರ್ಸ್ ಬಿಚ್ಚಿ ಕೊಟ್ಟ ಅಂಗಿಯ ಜೇಬಿನಲ್ಲಿ ಒಂದು ಚೀಟಿ ಇತ್ತು. ಶೈಲಾಳ ಅಕ್ಷರ. ‘ಮನಸಾದಾಗ ಫೋನ್ ಮಾಡಪ್ಪ’ ಎಂದು ಬರೆದು ಕೆಳಗೆ ನಂಬರು. ಬೆವರಿಗೆ ಕೊನೆಯ ಮೂರಂಕಿ ಅಳಿಸಿಹೋಗಿತ್ತು. ನೆಂಟರಲ್ಲಿ ಬೇರೆ ಯಾರ ಹತ್ತಿರವೂ ಅವಳ ನಂಬರು ಇರಲಿಲ್ಲ. ಚೀಟಿ ತೋರಿಸಿ, ‘ಕರೆಸ್ಲೇನಣ್ಣ?’ ಎಂದೆ. ಅಣ್ಣ ಕೈ ಒತ್ತಿದ. ‘ಕೊನೇದು ಮೂರು ನೆನಪೈತೇನು?’ ಮತ್ತೆ ಒತ್ತಿದ.

ಒಂದು ಸಲ ಒತ್ತಿದರೆ ಹೌದು, ಎರಡು ಸಲ ಒತ್ತಿದರೆ ಅಲ್ಲ ಎಂದು ಗೊತ್ತುಮಾಡಿಕೊಂಡೆವು. ಒಳಗೆ ಬಿಟ್ಟಿದ್ದು ಹತ್ತೇ ನಿಮಿಷ. ಒಂದೊಂದೇ ಅಂಕಿ ಹೇಳುತ್ತ ಹೋಗಿದ್ದರೆ ಸಾಕಿತ್ತು, ಯಾವ ದಡ್ಡಿಯಾದರೂ ಹಾಗೇ ಮಾಡುತ್ತಿದ್ದಳು. ನಾನು ಜಾಣೆ, ಕಡಿಮೆ ಪ್ರಶ್ನೆಯಲ್ಲಿ ಮುಗಿಸಲು ಹೊರಟೆ. ಕೊನೆಯದು ಏಳು ಎಂದು ಬೇಗ ಸಿಕ್ಕಿತು. ಮೊದಲೆರಡನ್ನು ಕೂಡಿದರೆ ಎಂಟು ಎಂಬುದೂ ಸಿಕ್ಕಿತು. ‘ಮೊದಲನೇದು ದೊಡ್ಡದಾ?’ ಎಂದೆ. ಎರಡು ಸಲ ಒತ್ತಿದ. ‘ಹಂಗಾದ್ರೆ ಎರಡನೇದು ದೊಡ್ಡದು?’ ಅದಕ್ಕೂ ಎರಡು ಸಲ. ಮತ್ತೆ ಕೇಳಿದೆ, ಮತ್ತೆ ಅದೇ. ಕಣ್ಣಗಲಿಸಿ ನನ್ನನ್ನೇ ನೋಡುತ್ತಿದ್ದ. ಎರಡೂ ಅಲ್ಲವೆಂದರೆ ಎರಡೂ ಸಮ ಎಂದು ನನ್ನ ಐದನೇ ತರಗತಿಯ ಮಕ್ಕಳೂ ಹೇಳುತ್ತಾರೆ. ನನಗೆ ಹೊಳೆಯಲಿಲ್ಲ. ನಮ್ಮ ಆಟದಲ್ಲಿ ಸಮ ಎಂಬುದೇ ಇರಲಿಲ್ಲವಲ್ಲ! ಪಾಪ, ಬುದ್ಧಿ ಕದಡಿದೆ ಎಂದುಕೊಂಡು, ‘ಇರ್ಲಿ ಬಿಡಣ್ಣ, ಸುಸ್ತಾಗಬ್ಯಾಡ’ ಎಂದು ಅವನ ಕೈ ಬಿಡಿಸಿಕೊಂಡು ಹೊರಗೆ ಬಂದೆ.

ಬಂದಂಕಿ ಮತ್ತೆ ಬಾರದಂತೆ ಆರು ನಂಬರು ಆಗುತ್ತಿದ್ದವು. ಆರಕ್ಕೂ ಮಾಡಿದೆ. ಒಂದು ಗೊಬ್ಬರದಂಗಡಿ, ಒಬ್ಬ ಬೈದ, ಉಳಿದವು ಹತ್ತಲಿಲ್ಲ. ಸಂಜೆ ಒಳಗೆ ಬಿಡುವಷ್ಟರಲ್ಲಿ ಅಣ್ಣನಿಗೆ ಎಚ್ಚರವಿರಲಿಲ್ಲ. ಮರುದಿನ ಬೆಳಿಗ್ಗೆ ಹೋದ.

ಹರಿಹರದಲ್ಲಿ ಮಣ್ಣು ಮಾಡಿ ಬಂದು ತಲೆಗೆ ನೀರು ಹಾಕಿಕೊಳ್ಳುವಾಗ ತಟ್ಟನೆ ತಿಳಿಯಿತು. ನಾಲ್ಕು, ನಾಲ್ಕು, ಏಳು. ಒದ್ದೆ ಸೀರೆಯಲ್ಲೇ ಫೋನ್ ಮಾಡಿದೆ. ಮೊದಲ ರಿಂಗಿಗೇ ಎತ್ತಿದಳು. ಇದ್ದದ್ದು ದಾವಣಗೆರೆಯದೇ ಆನೆಕೊಂಡದಲ್ಲಿ. ಆಸ್ಪತ್ರೆಗೆ ಆಟೋದಲ್ಲಿ ಹತ್ತು ನಿಮಿಷದ ದಾರಿ. ‘ಯಾಕ ಮೊದ್ಲೇ ಹೇಳ್ಲಿಲ್ರಿ ಅತ್ತೆ?’ ಎಂದು ಚೀರಿದಳು. ಆಗ ನನ್ನ ಬಾಯಿಂದ ಬಂದದ್ದು ಇಷ್ಟು: ‘ನಿಮ್ಮಪ್ಪಂಗೆ ನಂಬರ್ ನೆನಪಿರ್ಲಿಲ್ಲಮ್ಮ. ಚೀಟಿ ಈಗ ಹೆಂಗೋ ಓದಿದೆ.’ ಅವಳು, ‘ಬಿಡ್ರಿ, ಅಪ್ಪ ಒಂದ್ಸಲನಾದ್ರೂ ಫೋನ್ ಮಾಡಿದ್ರೆ ತಾನೆ ನೆನಪಿರಾದು’ ಎಂದಳು. ಸತ್ತವನ ಮೇಲೆ ತಪ್ಪು ಹೊರಿಸುವುದು ಎಷ್ಟು ಸುಲಭ, ಎದ್ದು ಬಂದು ಅಲ್ಲ ಎನ್ನಲಾರ. ಆ ಸುಳ್ಳನ್ನು ಮೂರು ವರ್ಷ ಹಾಗೇ ಬಿಟ್ಟೆ. ಅವಳು ಹಬ್ಬಕ್ಕೆ ಮನೆಗೆ ಬಂದು ಉಂಡು ಹೋದಾಗಲೂ ಬಿಟ್ಟೆ.

ಈ ಭಾನುವಾರ ಆ ಹಾಳು ಲೆಕ್ಕ ನೋಡಿದ ಮೇಲೆ ತಡೆಯಲಾಗಲಿಲ್ಲ. ಶೈಲಾಳಿಗೆ ಫೋನ್ ಮಾಡಿ, ಚೀಟಿಯಿಂದ ಹಿಡಿದು ಎಲ್ಲವನ್ನೂ ಹೇಳಿದೆ. ನಾನು ಕೈ ಬಿಡಿಸಿಕೊಂಡದ್ದನ್ನೂ ಹೇಳಿದೆ.

‘ಅಂದ್ರೆ ಅಪ್ಪಂಗೆ ನನ್ನ ನಂಬರ್ ನೆನಪಿತ್ತು.’

‘ಇತ್ತಮ್ಮ.’

‘ಮೂರೂ?’

‘ಮೂರೂ. ಸರಿಯಾಗೇ ಹೇಳಿದ್ದ.’

ಅಳುತ್ತಾಳೆ ಅಂದುಕೊಂಡಿದ್ದೆ, ಅಳಲಿಲ್ಲ. ಬೈದರೆ ಕೇಳಿಸಿಕೊಳ್ಳಲು ಸಿದ್ಧಳಾಗಿದ್ದೆ, ಬೈಯಲೂ ಇಲ್ಲ.

‘ಮೂರು ವರ್ಷ ನಾನು ಅಪ್ಪನ್ನ ಬೈಕೊಂಡೇ ಇದ್ದೆ, ಅತ್ತೆ’ ಎಂದು ಫೋನ್ ಇಟ್ಟಳು.