ಎಣ್ಣೆ ಹಚ್ಚಿದ ಉಲ್ಕೆ

ಕಳೆದ ವಾರ ನಾನು ಒಂದು ದೇವರಿಗೆ ಅಯಸ್ಕಾಂತ ಹಿಡಿದೆ.

ನನ್ನ ಹುಚ್ಚು ನಿಮಗೆ ಗೊತ್ತೇ ಇದೆ: ಉಲ್ಕಾಶಿಲೆ ಹುಡುಕುವುದು. ರಜೆ ಸಿಕ್ಕರೆ ಸಿರುಗುಪ್ಪದ ಕಡೆಯ ಎರೆಹೊಲಗಳಿಗೆ ಹೋಗಿಬಿಡುತ್ತೇನೆ. ಕಲ್ಲೇ ಇಲ್ಲದ ಕಪ್ಪು ಮಣ್ಣಿನಲ್ಲಿ ಕಲ್ಲೊಂದು ಕಂಡರೆ, ಅದು ಎಲ್ಲಿಂದ ಬಂತೆಂದು ಕೇಳಲೇಬೇಕಲ್ಲ? ಇದುವರೆಗೆ ಸಿಕ್ಕಿದ್ದು ಲಾರಿಯಿಂದ ಉದುರಿದ ಅದಿರು, ಕುಲುಮೆಯ ಕಿಟ್ಟ, ಯಾರದೋ ಮನೆಯ ಒಡೆದ ಗುಂಡುಕಲ್ಲು. (ಉಲ್ಕೆಗೆ ಅಯಸ್ಕಾಂತ ಅಂಟುತ್ತದೆ; ಆದರೆ ಬಳ್ಳಾರಿಯಲ್ಲಿ ಅದನ್ನು ನಂಬುವ ಹಾಗಿಲ್ಲ. ರಸ್ತೆಯ ಧೂಳಿಗೆ ತಾಗಿಸಿದರೂ ಅದಕ್ಕೆ ಕಬ್ಬಿಣದ ಗಡ್ಡ ಬೆಳೆಯುತ್ತದೆ.)

ಹೀಗಿರುವಾಗ ವಾಟ್ಸ್ಆ್ಯಪ್‌ಗೆ ಒಂದು ಫೋಟೊ ಬಂತು. ಕಳಿಸಿದವಳು ಕಾಲೇಜಿನ ಗೆಳತಿ ನೀಲಾ; ಈಗ ಕುರುಗೋಡಿನಾಚೆಯ ಹಳ್ಳಿಯೊಂದರ ಸೊಸೆ. ಮುಷ್ಟಿಗಿಂತ ದೊಡ್ಡ ಕಲ್ಲು, ಮೈತುಂಬ ಮಿರುಗುವ ಕಪ್ಪು. ಜೊತೆಗೆ ಧ್ವನಿಸಂದೇಶ: "ಮನಿ ತಗಡು ಹರಕೊಂಡು ಮ್ಯಾಲಿಂದ ಬಿತ್ತಲೇ! ಉಲ್ಕಿ ಅಂತ. ನಮ್ಮತ್ತಿ ಪೂಜಿ ಮಾಡಾಕ ಹತ್ಯಾರ. ಲಗೂನ ಬಾ."

ಗಾಳಿಯಲ್ಲಿ ಉರಿಯುತ್ತ ಇಳಿಯುವ ಉಲ್ಕೆಗೆ ತೆಳ್ಳನೆಯ ಕಪ್ಪು ಸಿಪ್ಪೆ ಇರುತ್ತದೆ, ಹೊತ್ತಿದ ರೊಟ್ಟಿಯ ಪದರದಂತೆ. ಫೋಟೊದಲ್ಲಿ ಇದ್ದದ್ದು ಅದೇ! ಬಳ್ಳಾರಿಯ ಸತ್ಯನಾರಾಯಣಪೇಟೆಯ ಮನೆಯಿಂದ ಸ್ಕೂಟರ್ ಹತ್ತಿದವಳು ನಿಂತದ್ದು ನೀಲಾಳ ಬಾಗಿಲಲ್ಲೇ.

ಅವಳ ಅತ್ತೆ ಈರಮ್ಮ ಕೈಹಿಡಿದು ಒಳಗೆ ಕರೆದೊಯ್ದರು. "ಕೂಸು ತೊಟ್ಟಿಲದಾಗ ಮಲಗಿತ್ತವ್ವ. ಯಾಕೋ ಅತ್ತಿತು, ಎತ್ತಿಕೊಂಡೆ. ಹೊರಳಿ ನೋಡೂದ್ರಾಗ ಧಡ್! ತೊಟ್ಟಿಲದಾಗ ಇದು. ದ್ಯಾವ್ರ ಅಳಿಸಿ ಉಳಿಸ್ಯಾನ ನಮ್ಮ ಕೂಸಿನ್ನ."

ತೊಟ್ಟಿಲು ಈಗಲೂ ಅದೇ ತೊಲೆಗೆ, ತಗಡಿನ ಅದೇ ತೂತಿನ ಕೆಳಗೆ ತೂಗುತ್ತಿತ್ತು. ಯಾಕೆಂದು ಕೇಳಿದೆ. ದೇವರು ಕಾಯ್ದ ಜಾಗಕ್ಕಿಂತ ಒಳ್ಳೆಯ ಜಾಗ ಯಾವುದೆಂದು ಈರಮ್ಮ ನನ್ನನ್ನೇ ಕೇಳಿದರು.

"ಉಲ್ಕೆ ಅಂತ ಹೇಳಿದ್ಯಾರು?" ಎಂದೆ.

ಗುಡ್ಡದಾಚೆಯ ಕಲ್ಲು ಕ್ವಾರಿಯ ಮೇಸ್ತ್ರಿಯಂತೆ. ಅಂದು ಸಂಜೆಯೇ ತೆಂಗಿನಕಾಯಿ ಹಿಡಿದು ಬಂದನಂತೆ. ನೀಲಾ ಅವನ ತೆಲುಗುಗನ್ನಡವನ್ನೇ ಆಡಿ ತೋರಿಸಿದಳು: "ಅಮ್ಮಾ, ಉಲ್ಕ ಇದಿ! ಪೈನಿಂದ, ಆಕಾಶದಿಂದ ಬಿದ್ದದ್ದು. ಬ್ಲಾಸ್ಟಿಂಗು ನಾವು ಯಾವಾಗ್ಲೋ ಬಂದ್ ಮಾಡಿದ್ವಿ. ಅದೃಷ್ಟಂ ನಿಮ್ದು, ಪೂಜ ಮಾಡ್ರಿ!"

(ಕ್ವಾರಿಯವರಿಗೆ ಖಗೋಳವಿಜ್ಞಾನದಲ್ಲಿ ಇಷ್ಟು ಆಸಕ್ತಿ ಯಾವಾಗ ಹುಟ್ಟಿತು?)

ಕಲ್ಲನ್ನು ಎತ್ತಿಕೊಂಡೆ. ಜಾರಿತು. ಕಪ್ಪೆಲ್ಲ ಬೆರಳಿಗೆ ಬಂತು.

"ಎಣ್ಣಿ ಹಚ್ಚೀರೇನ್ರಿ?"

"ಹಚ್ಚದ ಬಿಡ್ತೀನೇನವ್ವ? ಹನುಮಪ್ಪಗ ಹಚ್ಚಿದಂಗ ದಿನಾ ಹಚ್ಚೀನಿ. ಮುಂದ ದೀಪ ಇಟ್ಟೀನಿ, ಕಾಡಿಗಿ ಕುಂತೈತಿ."

ನಾನು ಫೋಟೊದಲ್ಲಿ ಕಂಡು ಕುಣಿದಾಡಿದ ಸಿಪ್ಪೆ ಈರಮ್ಮನ ಭಕ್ತಿಯಾಗಿತ್ತು. ಒರೆಸಿದೆ. ಒಳಗೆ ನಸುಗೆಂಪು ಗ್ರಾನೈಟು, ಹೊಸದಾಗಿ ಒಡೆದ ಹೊಳಪು. ಅಯಸ್ಕಾಂತ ಕಚ್ಚಲೇ ಇಲ್ಲ. ಒಂದು ಮಗ್ಗುಲಲ್ಲಿ ಬೆರಳು ಕೂರುವಷ್ಟು ಅಗಲದ, ಗೆರೆ ಎಳೆದಷ್ಟು ನೇರವಾದ ಕೊರೆತ: ಸಿಡಿಮದ್ದು ತುಂಬಲು ಡ್ರಿಲ್ ಇಳಿಸಿದ ಗುರುತು. ಯಾವ ಗ್ರಹದಲ್ಲಿ ಡ್ರಿಲ್ ಮಷೀನ್ ಓಡುತ್ತದೆ?

ಕೋಪ ನೆತ್ತಿಗೇರಿತು. ಆದರೆ ಎದುರಿಗಿದ್ದವರು ಈರಮ್ಮ. ಅವರ ಕಣ್ಣಿನಲ್ಲಿ ಹೊಸ ದೇವರು ಇನ್ನೂ ಬೆಳಗುತ್ತಿದ್ದ. ತೊಡೆಯ ಮೇಲಿನ ಕೂಸು ಅವರ ಸೆರಗು ಚೀಪುತ್ತಿತ್ತು. ಅವರಿಂದ ಆ ದೇವರನ್ನು ಕಿತ್ತುಕೊಳ್ಳಲು ನಾನು ಯಾರು? ಸುಮ್ಮನೆ ಕೈಮುಗಿದು ಹೊರಟುಬಿಡಬಹುದಿತ್ತು. ತೊಟ್ಟಿಲು ಆ ತೂತಿನ ಕೆಳಗೆ ಇಲ್ಲದಿದ್ದರೆ ಬಹುಶಃ ಹೊರಟೇಬಿಡುತ್ತಿದ್ದೆ.

ಹೇಳಿದೆ. ಅವರ ಬೆರಳನ್ನು ಹಿಡಿದು ಆ ಕೊರೆತದಲ್ಲಿ ಆಡಿಸಿ, ಎಷ್ಟು ಮೆತ್ತಗೆ ಸಾಧ್ಯವೋ ಅಷ್ಟು ಮೆತ್ತಗೆ, ಇದು ಕ್ವಾರಿಯಿಂದ ಸಿಡಿದು ಬಂದ ಕಲ್ಲೆಂದು ಹೇಳಿದೆ.

ಈರಮ್ಮ ಕಲ್ಲನ್ನು ನನ್ನ ಕೈಯಿಂದ ತೆಗೆದುಕೊಂಡು ದೇವರ ಜಗುಲಿಯ ಬದಲು ನೆಲಕ್ಕಿಟ್ಟರು. "ದ್ಯಾವ್ರು ಒಗದಿದ್ರ ಒಂದ ಸಲ ಒಗದು ಸುಮ್ನಾಗ್ತಿದ್ದ. ಇವ್ರು ನಾಳಿ ಮತ್ತ ಒಗೀತಾರಲ್ಲವ್ವ?"

ಆಮೇಲೆ ಸೊಸೆಯ ಕಡೆ ತಿರುಗಿದರು. "ತೊಟ್ಟಿಲ ಬಿಚ್ಚ, ನೀಲಾ."

ಮರುದಿನ ಮೂವರೂ ಕಲ್ಲನ್ನು ಹೊತ್ತು ಗಣಿ ಇಲಾಖೆಯ ಕಚೇರಿಗೆ ದೂರು ಕೊಡಲು ಹೋದೆವು. ಸಾಹೇಬರು ಅದನ್ನು ತಿರುಗಿಸಿ ನೋಡಿ, ನನ್ನನ್ನೂ ನೋಡಿ ಕೇಳಿದರು: "ಇದು ಉಲ್ಕೆ ಅಲ್ಲ ಅನ್ನೋದಕ್ಕ ನಿಮ್ಮ ಹತ್ರ ಸರ್ಟಿಫಿಕೇಟ್ ಐತೇನ್ರಿ?"

"ಡ್ರಿಲ್ ಗುರುತು ಐತಲ್ಲ, ಸಾಹೇಬ್ರ," ಎಂದರು ಈರಮ್ಮ.

ಸಾಹೇಬರು ಕೊರೆತದ ಕಡೆ ಕಣ್ಣು ಹಾಯಿಸಲಿಲ್ಲ. ತಜ್ಞರ ವರದಿ ಬರಲಿ, ಮೇಲಿನವರಿಗೆ ತಿಳಿಸೋಣ ಎಂದರು. ಯಾವ ತಜ್ಞರು, ಯಾವಾಗ ಬರುತ್ತಾರೆ, ಅಲ್ಲಿಯವರೆಗೆ ಕ್ವಾರಿಯ ಮದ್ದಿಗೆ ಹೊಣೆ ಯಾರು? ಕೇಳಿದೆ. ಚಹಾ ತರಿಸಿದರು.

ವರದಿ ಬರಲಿ ಬಿಡಿ. ಮಧ್ಯಾಹ್ನವಾದರೆ ಕೂಸಿಗೆ ನಿದ್ದೆ ಬರುತ್ತದೆ. ತೊಟ್ಟಿಲನ್ನು ಎಲ್ಲಿ ಕಟ್ಟಬೇಕು, ಸಾಹೇಬರೇ?