ಮೊಮ್ಮಗಳ ಹೆಸರಿನ ಅರ್ಥ ಹುಡುಕಿದ್ದು

ಮಗಳು ಚೊಚ್ಚಲ ಹೆರಿಗೆಗೆ ಚಿಕ್ಕೋಡಿಯ ನಮ್ಮ ಮನೆಗೆ ಬರುವಷ್ಟರಲ್ಲಿ ಹೆಸರು ನಿಶ್ಚಯವಾಗಿತ್ತು. ಹೆಣ್ಣಾದರೆ ಅನಾಯಾ. ಗಂಡ ಹೆಂಡತಿ ಇಬ್ಬರೂ ಮೊಬೈಲಿನಲ್ಲಿ ನೋಡಿ ಮೆಚ್ಚಿಕೊಂಡದ್ದು. ಸಂಸ್ಕೃತ ಹೆಸರು, ದೇವರ ಕೃಪೆ ಎಂದರ್ಥ, ಎಂದು ಅಲ್ಲಿ ಬರೆದಿತ್ತು. ಹೆಣ್ಣೇ ಆಯಿತು. ಆಸ್ಪತ್ರೆಯ ಹಾಸಿಗೆಯಲ್ಲೇ ಅವಳು ಕೂಸನ್ನು ಆ ಹೆಸರಿನಿಂದ ಕರೆಯತೊಡಗಿದಳು.

ನಾನು ಹೈಸ್ಕೂಲಿನಲ್ಲಿ ಕನ್ನಡ ಕಲಿಸುವವಳು. ಹೊಸ ಪದ ಕಿವಿಗೆ ಬಿದ್ದರೆ ನಿಘಂಟು ತೆಗೆಯದೆ ಸಮಾಧಾನವಿಲ್ಲ. ಒಂದು ಮಧ್ಯಾಹ್ನ, ಕೂಸು ಮಲಗಿದ್ದಾಗ, ಸಂಸ್ಕೃತ ನಿಘಂಟು ಬಿಚ್ಚಿದೆ. ಅನಾಯಾ ಸಿಗಲಿಲ್ಲ. ಹತ್ತಿರದ್ದೆಂದರೆ 'ಅನಯ'. ಅರ್ಥ ದುರ್ನಡತೆ, ಕೇಡು.

ನನ್ನ ಮುಖ ನೋಡಿಯೇ ಮಗಳು ಕೇಳಿದಳು, "ಏನ್ ಸಿಕ್ತ ಬೇ ಅವ್ವಾ?"

ಹೇಳಿದೆ. ಪುಸ್ತಕ ಕಸಿದುಕೊಂಡು ತಾನೇ ಓದಿದಳು. ಕಣ್ಣು ತುಂಬಿ ಬಂದವು. "ಹೊಟ್ಟಿ ಮ್ಯಾಲ ಕೈ ಇಟ್ಕೊಂಡ ಇದ ಹೆಸರ್ಲೆ ಮಾತಾಡ್ಸೀನಿ. ಈಗ ಕೇಡ ಅಂದ್ರ ಹೆಂಗ?"

"ತಡಿಯವ್ವಾ. ಇನ್ನಷ್ಟ ಹುಡುಕೂಣು," ಎಂದೆ.

ಇಬ್ಬರೂ ಮೊಬೈಲು ಹಿಡಿದು ಕೂತೆವು. ಒಂದು ಕಡೆ ಹೀಬ್ರೂ ಹೆಸರು ಎಂದಿತ್ತು, ಇನ್ನೊಂದು ಕಡೆ 'ತನಗಿಂತ ಮೇಲಿಲ್ಲದವಳು' ಎಂದಿತ್ತು. ಸಂಸ್ಕೃತ ಎಂದವರೆಲ್ಲ ಒಬ್ಬರದನ್ನೊಬ್ಬರು ನಕಲು ಮಾಡಿದ್ದರು. ಕಾಗುಣಿತದ ತಪ್ಪು ಕೂಡ ಒಂದೇ.

ಮರುದಿನ ಶಾಲೆಯಲ್ಲಿ, ಊಟದ ಬಿಡುವಿನಲ್ಲಿ, ಉರ್ದು ಕಲಿಸುವ ಗೆಳತಿಯ ಮುಂದೆ ಹೇಳಿಕೊಂಡೆ. ಅವರು ಬುತ್ತಿ ಬದಿಗಿಟ್ಟು ಹೆಸರನ್ನು ಬೇರೆ ಬೇರೆ ಬಗೆಯಲ್ಲಿ ಅಂದು ನೋಡಿದರು.

"ಇದು ಇನಾಯಾ ಇರಬೇಕ್ರಿ ಬಾಯಾರ. ಇನಾಯತ್ ಅಂತೀವಲ್ರಿ, ಅದರ ಬಳಗ. ಮೂಲ ಅರಬಿ. ಕೃಪಾ, ಆರೈಕಿ, ಕಾಳಜಿ ಅಂತ ಅರ್ಥ. ಇಂಗ್ಲಿಷ್‌ನ್ಯಾಗ ಬರಿಯೂಮುಂದ ಇ ಹೋಗಿ ಅ ಆಗಿರಬೇಕ."

ಸಂಜೆ ಅವರು ತಮ್ಮ ಉರ್ದು ನಿಘಂಟಿನ ಪುಟದ ಫೋಟೊ ಕಳಿಸಿದರು. ಕೆಳಗೆ ಕನ್ನಡದಲ್ಲಿ ಅರ್ಥವನ್ನೂ ಬರೆದಿದ್ದರು. ಮಗಳು ಅದನ್ನು ಓದಿ, ಕೂಸಿನ ಕಿವಿಯ ಬಳಿ ಬಾಗಿ, "ಇನಾಯಾ" ಎಂದಳು. ಆಮೇಲೆ ನನ್ನತ್ತ ತಿರುಗಿ, "ನಮ್ಮನಿಯವರು ಬ್ಯಾಡ ಅನ್ನಂಗಿಲ್ಲ. ಅತ್ತಿ ಒಪ್ತಾರೇನ ಬೇ?" ಎಂದಳು.

ನನಗೂ ಅದೇ ಅಳುಕು. ಅವಳ ಅತ್ತೆಯದು ಅಕ್ಕೋಳದ ಜೈನ ಒಕ್ಕಲು ಮನೆತನ. ಮೊದಲ ಮೊಮ್ಮಗಳು ಬೇರೆ. ಆ ಭಾನುವಾರ ಬೀಗತಿ ಬಾಣಂತಿಗೆಂದು ಅಂಟಿನುಂಡಿ ಕಟ್ಟಿಕೊಂಡು ಬಂದರು. ನಾನು ಏನನ್ನೂ ಮುಚ್ಚಿಡದೆ ಹೇಳಿದೆ. ಅವರು ಕೂಸಿನ ಕಾಲಿಗೆ ಎಣ್ಣೆ ತಿಕ್ಕುತ್ತಲೇ ಕೇಳಿಸಿಕೊಂಡರು.

"ಕೇಡ ಅನ್ನೂದ ಬ್ಯಾಡ್ರಿ. ಇದು ಚಲೋ ಐತಲ್ಲ," ಎಂದರು. "ನಮ್ಮ ಮನ್ಯಾಗ ಅರ್ಧಾ ಮರಾಠಿ, ಅರ್ಧಾ ಕನ್ನಡ. ಖುರ್ಚಿ, ಚಾದರ, ದವಾಖಾನಿ ಎಲ್ಲಿಂದ ಬಂದಾವು ಅಂತ ಯಾರ ಕೇಳ್ಯಾರ? ಆದ್ರ ನನಗ ನಾಲಿಗಿ ಹೊಳ್ಳಬೇಕ ನೋಡ್ರಿ." ಇನಾಯಾ ಎಂದು ನೋಡಿದರು. ಇನಾ ಎಂದರು. "ನಾ ಇನ್ನಿ ಅಂತೀನಿ ಬಿಡ್ರಿ. ಏನ್ಲೇ ಇನ್ನಿ?"

ಕೂಸು ದೊಡ್ಡದಾಗಿ ಆಕಳಿಸಿತು. ಮಗಳು ನಕ್ಕಳು. ನಿಘಂಟು ಬಿಚ್ಚಿದ ದಿನದಿಂದ ಅವಳು ಹಾಗೆ ನಕ್ಕಿರಲಿಲ್ಲ. ನನ್ನ ಎದೆ ಹಗುರಾಯಿತು.

ಹೆಸರಿಡುವ ದಿನ ಪಡಸಾಲೆ ತುಂಬ ಹೆಣ್ಣುಮಕ್ಕಳು. ಸೋದರತ್ತೆ ತೊಟ್ಟಿಲಿಗೆ ಬಾಗಿ ಕೂಸಿನ ಕಿವಿಯಲ್ಲಿ ಹೆಸರು ಹೇಳಿದಳು. ಪದ್ಧತಿಯಂತೆ ಉಳಿದವರೆಲ್ಲ ಅವಳ ಬೆನ್ನಿಗೆ ಗುದ್ದಿದರು. ಅರ್ಥವೇನೆಂದು ಯಾರೋ ಕೇಳಿದರೆ ಮಗಳು ಗಟ್ಟಿಯಾಗಿ, ತಡವರಿಸದೆ ಹೇಳಿದಳು.

ಉರ್ದು ಕಲಿಸುವ ಗೆಳತಿಯೂ ಬಂದಿದ್ದರು. ತಾವೇ ಹೊಲಿದ ಹಸಿರು ಕುಂಚಿಗೆಯನ್ನು ಕೂಸಿಗೆ ತೊಡಿಸಿದರು. ಅಳತೆ ದೊಡ್ಡದಾಗಿ ಅದು ಕಣ್ಣಿನವರೆಗೂ ಇಳಿಯಿತು. ಅವರು ಪೇಚಾಡಿಕೊಂಡರು.

"ಇರ್ಲಿ ಬಿಡ್ರಿ, ಥಂಡ್ಯಾಗ ಕೆಲಸಕ್ಕ ಬರತೈತಿ," ಎಂದು ಬೀಗತಿ ಗೆಳತಿಯ ತಟ್ಟೆಗೆ ಇನ್ನೊಂದು ಬೊಗಸೆ ಗುಗ್ಗರಿ ಹಾಕಿದರು.